ಕೋಟದ ಕಾರಂತರ ಸಿನಿಮಾ

ಸಿನಿಮಾ ಎಂದರೆ ಬಂಡವಾಳಗಾರರ ಸೊತ್ತೆಂದೇ ನಾವು ತಿಳಿದಿದ್ದೇವೆ. ಆದರೆ ನಮ್ಮ ಕೋಟದಲ್ಲಿ ಹುಟ್ಟಿದ ಶಿವರಾಮ ಕಾರಂತರು 1930ರಲ್ಲಿ 'ಡೊಮಿಂಗೊ', 1931ರಲ್ಲಿ 'ಭೂತರಾಜ್ಯ' ಎಂಬ ಮೂಕಿ ಚಿತ್ರಗಳನ್ನು ತೆಗೆದರು. ಕನ್ನಡದ ಮೊದಲ ಮಾತಿನ ಚಿತ್ರ 'ಸತಿ ಸುಲೋಚನ' ಬಂದದ್ದೇ 1934ರಲ್ಲಿ!

ಉಳುವ ಭೂಮಿಗೆ ಹಂಬಲಿಸಿದ ಚೋಮನನ್ನು ಅವರು 1933ರಲ್ಲಿ ಕಾದಂಬರಿ ಮಾಡಿದರು. ಕಾಗದ, ಶಾಯಿಗೆ ಎಷ್ಟು ಬೇಕು? ಫಿಲ್ಮಿನ ಸುರುಳಿಗೆ, ಟಾಕೀಸಿನ ಬಾಡಿಗೆಗೆ ಎಷ್ಟು ಬೇಕು? ವ್ಯಾಪಾರಿ ಮಿತ್ರರೇ ಲೆಕ್ಕ ಹಾಕಲಿ. ಚೋಮ ತೆರೆಗೆ ಬಂದದ್ದು 1975ರಲ್ಲಿ, ಬಿ.ವಿ. ಕಾರಂತರ ಕೈಯಿಂದ, ಸ್ವರ್ಣಕಮಲವೂ ದೊರೆಯಿತು. ಶಿವರಾಮ ಕಾರಂತರು 'ಮಲೆಯ ಮಕ್ಕಳು' ನಿರ್ದೇಶಿಸಿದಾಗ 1978. ಪ್ರಾಯ 75 ದಾಟಿತ್ತು. ಯಕ್ಷಗಾನ, ಬರವಣಿಗೆಯ ಕೆಲಸ ಬೆಟ್ಟದಷ್ಟಿತ್ತು, ನಿಜ. ಆದರೂ 'ಭೂತರಾಜ್ಯ'ದಿಂದ ಅಲ್ಲಿಗೆ 47 ವರ್ಷ!

ನಾಳೆ ಬೈಂದೂರಿನ ಹುಡುಗನೊಬ್ಬ ಕತೆ ಹಿಡಿದು ಬಂದರೆ ನಾವು ನೂರು ಮಂದಿ ಸೇರಿ ಟಿಕೇಟಿನ ಹಣ ಮುಂಗಡ ಕೊಡಲಾರೆವೇ?