ಕಾವಲು ನಾಯಿಗೆ ಮನೆಯಲ್ಲೇ ರಾಗಿ ಬಿಸ್ಕತ್ತು
(ರೈತ ತರಬೇತಿ ಶಿಬಿರದಲ್ಲಿ ನೀಡಿದ ಉಪನ್ಯಾಸದ ಪಠ್ಯ)



ಹೊಲದ ಪೈರು, ಕೊಟ್ಟಿಗೆಯ ದನ, ಹಟ್ಟಿಯ ಕುರಿ, ಕಣದಲ್ಲಿನ ರಾಶಿ ಇವೆಲ್ಲವನ್ನೂ ರಾತ್ರಿಯಿಡೀ ಕಾಯುವ ಪ್ರಾಣಿ ನಾಯಿ. ಉಂಡ ಮನೆಯ ಜಂತೆ ಎಣಿಸುವ ಬುದ್ಧಿ ಅದಕ್ಕಿಲ್ಲ. ಎಮ್ಮೆಗೆ ಹಿಂಡಿ ಎಷ್ಟು, ಎತ್ತಿಗೆ ಹುರುಳಿ ಎಷ್ಟು ಎಂಬ ಲೆಕ್ಕ ಪ್ರತಿಯೊಬ್ಬ ರೈತನಿಗೂ ಬಾಯಿಪಾಠ. ಆದರೆ ನಾಯಿಯ ಆಹಾರಕ್ಕೆ ಯಾವ ಲೆಕ್ಕವೂ ಇಲ್ಲ. ದಕ್ಷಿಣದ ಜಿಲ್ಲೆಗಳಲ್ಲಿ ಉಳಿದ ಮುದ್ದೆ, ಉತ್ತರದ ಜಿಲ್ಲೆಗಳಲ್ಲಿ ಉಳಿದ ಜೋಳದ ರೊಟ್ಟಿ ನಾಯಿಯ ಪಾಲಿಗೆ ಬರುತ್ತದೆ. ಇದರಲ್ಲಿ ತಪ್ಪೇನೂ ಇಲ್ಲ. ತಪ್ಪಾಗುವುದು ಇನ್ನೊಂದು ಕಡೆ. ಬೂಷ್ಟು ಹಿಡಿದ ಶೇಂಗಾ, ಮುಗ್ಗಿದ ಮೆಕ್ಕೆಜೋಳ, ಹಳಸಿದ ಸಾರು, ಕೊಯ್ದ ಕುರಿಯ ಹಸಿ ಕರುಳು ಮುಂತಾದುವನ್ನು ಕಂಡಾಗ "ಚೆಲ್ಲುವುದೇಕೆ, ನಾಯಿಗಾದರೂ ಆಗಲಿ" ಎನ್ನುವ ಮಾತು ಮನೆಮನೆಯಲ್ಲೂ ಕೇಳಿಬರುತ್ತದೆ. ಈ ಒಂದು ಮಾತಿನಿಂದ ನಾಯಿ ಸಾಯುವುದುಂಟು, ಕುರಿ ಸಾಯುವುದುಂಟು, ಮನೆಯವರಿಗೂ ರೋಗ ತಗಲುವುದುಂಟು.

ಆದುದರಿಂದ ಮನೆಯ ಕಾಳಿನಿಂದಲೇ, ಮನೆಯ ಒಲೆಯ ಮೇಲೆಯೇ ನಾಯಿಗೆ ಒಳ್ಳೆಯ ಬಿಸ್ಕತ್ತು ಮಾಡಿಕೊಳ್ಳುವ ವಿಧಾನವನ್ನೂ, ಅದಕ್ಕೆ ಯಾವುದನ್ನು ಹಾಕಬೇಕು, ಯಾವುದನ್ನು ಹಾಕಬಾರದು ಎಂಬುದನ್ನೂ ಇಲ್ಲಿ ವಿವರಿಸಲಾಗಿದೆ.

ನಾಯಿ ಬಿಸ್ಕತ್ತಿನ ಹಿನ್ನೆಲೆ

ನಾಯಿ ಬಿಸ್ಕತ್ತು ಪೇಟೆಯವರ ಹೊಸ ಶೋಕಿ ಎಂದು ಕೆಲವರು ಭಾವಿಸುತ್ತಾರೆ. ಅದು ಹಾಗಲ್ಲ. 1860ರ ಸುಮಾರಿನಲ್ಲಿ ಜೇಮ್ಸ್ ಸ್ಪ್ರಾಟ್ ಎಂಬ ಅಮೆರಿಕದ ವ್ಯಾಪಾರಿ ಲಂಡನ್ನಿಗೆ ಬಂದಿದ್ದಾಗ, ಹಡಗುಗಳಲ್ಲಿ ಮಿಕ್ಕ ಗಟ್ಟಿ ಬಿಸ್ಕತ್ತುಗಳನ್ನು ಬಂದರಿನ ನಾಯಿಗಳು ತಿನ್ನುವುದನ್ನು ಕಂಡನೆಂದು ಹೇಳುತ್ತಾರೆ. ಅದರಿಂದ ಸ್ಫೂರ್ತಿ ಪಡೆದು ಗೋಧಿ ಹಿಟ್ಟು, ತರಕಾರಿ ಮತ್ತು ಮಾಂಸದ ಅಂಶ ಸೇರಿಸಿ ನಾಯಿಗಳಿಗಾಗಿಯೇ ಬಿಸ್ಕತ್ತು ಮಾಡಿ ಮಾರಿದನು. ಇಂದಿನ ನಾಯಿ ಆಹಾರದ ಉದ್ಯಮಕ್ಕೆ ಅದೇ ಮೊದಲು. ಹಿಟ್ಟನ್ನು ಕಲಸಿ, ಸುಟ್ಟು, ನೀರಿನಂಶ ತೆಗೆದು ಕೆಡದಂತೆ ಇಡುವುದಷ್ಟೇ ಅದರ ಗುಟ್ಟು. ಈ ಕೆಲಸ ರೊಟ್ಟಿ ತಟ್ಟಬಲ್ಲ ಯಾವ ಗೃಹಿಣಿಗೂ ಕಷ್ಟವಲ್ಲ.

ನಾಯಿ ಮಾಂಸಾಹಾರಿ, ಅದಕ್ಕೆ ಕಾಳುಕಡಿ ಜೀರ್ಣವಾಗುವುದೇ ಎಂಬ ಪ್ರಶ್ನೆ ಸಹಜ. ತೋಳದ ಮತ್ತು ನಾಯಿಯ ವಂಶವಾಹಿಗಳನ್ನು ಹೋಲಿಸಿ ನೋಡಿದ ಸ್ವೀಡನ್ನಿನ ವಿಜ್ಞಾನಿಗಳು 2013ರಲ್ಲಿ ಇದಕ್ಕೆ ಉತ್ತರ ಕೊಟ್ಟರು. ಪಿಷ್ಟವನ್ನು ಕರಗಿಸುವ ಕಿಣ್ವದ ವಂಶವಾಹಿ ತೋಳದಲ್ಲಿ ಇರುವುದಕ್ಕಿಂತ ನಾಯಿಯಲ್ಲಿ ಹಲವು ಪಟ್ಟು ಹೆಚ್ಚಾಗಿದೆ. ಮನುಷ್ಯನ ಜೊತೆ ಬೇಸಾಯದ ಊಟ ಉಂಡು ಉಂಡು ನಾಯಿ ಹೀಗೆ ಮಾರ್ಪಟ್ಟಿದೆ. ಆದರೆ ಧಾನ್ಯ ಚೆನ್ನಾಗಿ ಬೆಂದಿರಬೇಕು. ಹಸಿ ಹಿಟ್ಟು, ಅರೆಬೆಂದ ಕಾಳು ಕೊಟ್ಟರೆ ಹೊಟ್ಟೆಯುಬ್ಬರ, ಭೇದಿ ಆಗುತ್ತವೆ.

ರಾಗಿಯೇ ಏಕೆ?

ರಾಗಿಯಲ್ಲಿ 100 ಗ್ರಾಂಗೆ ಸುಮಾರು 340 ಮಿಲಿಗ್ರಾಂ ಸುಣ್ಣದಂಶವಿದೆ. ಅಕ್ಕಿ, ಗೋಧಿ, ಜೋಳಗಳಲ್ಲಿ ಇಷ್ಟಿಲ್ಲ. ಆದರೆ ರಾಗಿಯಲ್ಲಿ ಸಸಾರಜನಕ ಶೇಕಡಾ 7ರಷ್ಟು ಮಾತ್ರ. ಜೊತೆಗೆ ಗೋಧಿಯಲ್ಲಿರುವಂತಹ ಅಂಟು ಇಲ್ಲ. ರಾಗಿ ಹಿಟ್ಟೊಂದನ್ನೇ ತಣ್ಣೀರಿನಲ್ಲಿ ಕಲಸಿ ಸುಟ್ಟರೆ ಬಿಸ್ಕತ್ತು ಪುಡಿಪುಡಿಯಾಗುತ್ತದೆ. ಆದುದರಿಂದ ಅಂಟಿಗಾಗಿ ಗೋಧಿ ಹಿಟ್ಟನ್ನೂ, ಸಸಾರಜನಕಕ್ಕಾಗಿ ಹುರುಳಿ ಮತ್ತು ಮೊಟ್ಟೆಯನ್ನೂ ಸೇರಿಸಬೇಕು. ರಾಗಿ ಬೆಳೆಯದ ಕಡೆ ಅದೇ ಪ್ರಮಾಣದ ಜೋಳದ ಹಿಟ್ಟು ಅಥವಾ ಸಜ್ಜೆ ಹಿಟ್ಟನ್ನು ಬಳಸಬಹುದು.

ಬೇಕಾಗುವ ಸಾಮಗ್ರಿಗಳು

ರಾಗಿ ಹಿಟ್ಟು 250 ಗ್ರಾಂ
ಗೋಧಿ ಹಿಟ್ಟು 250 ಗ್ರಾಂ
ಹುರುಳಿ ಕಾಳು 100 ಗ್ರಾಂ
ಹುರಿದು ಸಿಪ್ಪೆ ತೆಗೆದ ಶೇಂಗಾ ಬೀಜ 50 ಗ್ರಾಂ
ಬೇಯಿಸಿದ ಸಿಹಿಗುಂಬಳ 100 ಗ್ರಾಂ
ಕೋಳಿಮೊಟ್ಟೆ 2
ಅಡುಗೆ ಎಣ್ಣೆ 1 ದೊಡ್ಡ ಚಮಚ

ಉಪ್ಪು, ಬೆಲ್ಲ, ಸಕ್ಕರೆ, ಮಸಾಲೆ ಯಾವುದೂ ಬೇಡ.

ತಯಾರಿಸುವ ವಿಧಾನ

ಹುರುಳಿಯನ್ನು ರಾತ್ರಿ ನೆನೆಹಾಕಿ, ಮರುದಿನ ಬೆರಳಿನಿಂದ ಒತ್ತಿದರೆ ಮೆತ್ತಗಾಗುವಷ್ಟು ಬೇಯಿಸಿ ನುಣ್ಣಗೆ ಅರೆಯಬೇಕು. ಬೇಯಿಸಿದ ಕಟ್ಟನ್ನು ಚೆಲ್ಲದೆ ಇಟ್ಟುಕೊಳ್ಳಬೇಕು. ಶೇಂಗಾವನ್ನು ಪುಡಿ ಮಾಡಬೇಕು. ರಾಗಿ ಹಿಟ್ಟಿಗೆ ಕುದಿಯುವ ಹುರುಳಿ ಕಟ್ಟನ್ನು ಸ್ವಲ್ಪ ಸ್ವಲ್ಪವಾಗಿ ಹಾಕಿ ಕೋಲಿನಿಂದ ತಿರುವಬೇಕು. ಬಿಸಿನೀರು ತಾಗಿದೊಡನೆ ರಾಗಿಯ ಪಿಷ್ಟ ಉಬ್ಬಿ ಹಿಟ್ಟು ಕೂಡಿಕೊಳ್ಳುತ್ತದೆ. ಅದು ಆರಿದ ಮೇಲೆ ಗೋಧಿ ಹಿಟ್ಟು, ಹುರುಳಿ, ಶೇಂಗಾ, ಕುಂಬಳ, ಮೊಟ್ಟೆ, ಎಣ್ಣೆ ಸೇರಿಸಿ ಚಪಾತಿ ಹಿಟ್ಟಿಗಿಂತ ತುಸು ಗಟ್ಟಿಯಾಗಿ ನಾದಬೇಕು. ಸೋಡ ಅಥವಾ ಈಸ್ಟ್ ಹಾಕುವ ಅಗತ್ಯವಿಲ್ಲ. ಅರ್ಧ ಗಂಟೆ ಮುಚ್ಚಿಟ್ಟು, ಅರ್ಧ ಸೆಂಟಿಮೀಟರ್ ದಪ್ಪಕ್ಕೆ ಲಟ್ಟಿಸಿ, 4 ಸೆಂಟಿಮೀಟರ್ ಉದ್ದ 3 ಸೆಂಟಿಮೀಟರ್ ಅಗಲದ ತುಂಡುಗಳಾಗಿ ಕತ್ತರಿಸಬೇಕು. ಪ್ರತಿಯೊಂದು ತುಂಡಿಗೂ ಕಡ್ಡಿಯಿಂದ ಎರಡು ಮೂರು ತೂತು ಮಾಡಿದರೆ ಹಬೆ ಹೊರಟು ಒಳಗೂ ಚೆನ್ನಾಗಿ ಒಣಗುತ್ತದೆ.

ಓವನ್ ಇರುವವರು 160 ಡಿಗ್ರಿ ಸೆಲ್ಸಿಯಸ್ ಶಾಖದಲ್ಲಿ 30ರಿಂದ 35 ನಿಮಿಷ ಸುಡಬಹುದು. ಓವನ್ ಇಲ್ಲದಿದ್ದರೂ ಚಿಂತೆಯಿಲ್ಲ. ದಪ್ಪ ತಳದ ಪಾತ್ರೆಯಲ್ಲಿ ಎರಡು ಬೆರಳು ದಪ್ಪ ಒಣ ಮರಳು ಹರಡಿ, ಅದರ ಮೇಲೆ ಒಂದು ಕುಕ್ಕೆಯಿಟ್ಟು, ಮುಚ್ಚಳ ಹಾಕಿ ಹತ್ತು ನಿಮಿಷ ಕಾಯಿಸಬೇಕು. ಅನಂತರ ತುಂಡುಗಳನ್ನು ಒಂದಕ್ಕೊಂದು ತಾಗದಂತೆ ತಟ್ಟೆಯಲ್ಲಿ ಜೋಡಿಸಿ ಕುಕ್ಕೆಯ ಮೇಲಿರಿಸಿ, ಮುಚ್ಚಿ ಸಣ್ಣ ಉರಿಯಲ್ಲಿ ಸುಡಬೇಕು. ಅರ್ಧ ಗಂಟೆಯ ನಂತರ ಒಮ್ಮೆ ಮಗುಚಿ ಹಾಕಬೇಕು. ಅಂಚು ಕೆಂಪಾದ ಮೇಲೆ ಉರಿ ತೆಗೆದು, ಮುಚ್ಚಳವನ್ನು ಓರೆಮಾಡಿ, ಅದೇ ಶಾಖದಲ್ಲಿ ಆರಲು ಬಿಡಬೇಕು.

ಆರಿದ ಬಿಸ್ಕತ್ತನ್ನು ಮುರಿದರೆ ಚಟ್ಟೆಂದು ಮುರಿಯಬೇಕು. ಬಾಗಿದರೆ ಒಳಗೆ ತೇವ ಉಳಿದಿದೆ ಎಂದರ್ಥ. ಮತ್ತೊಮ್ಮೆ ಸಣ್ಣ ಉರಿಯಲ್ಲಿ ಒಣಗಿಸಬೇಕು. ಈ ಪ್ರಮಾಣಕ್ಕೆ ಸುಮಾರು 650 ಗ್ರಾಂ ಒಣ ಬಿಸ್ಕತ್ತು ದೊರೆಯುತ್ತದೆ. ಪೂರ್ಣ ಆರಿದ ಮೇಲೆಯೇ ಗಾಳಿಯಾಡದ ಡಬ್ಬಿಗೆ ತುಂಬಬೇಕು. ಬೇಸಿಗೆಯಲ್ಲಿ ಎರಡು ಮೂರು ವಾರ ಇಡಬಹುದು. ಮಳೆಗಾಲದಲ್ಲಿ ಒಂದು ವಾರಕ್ಕೆ ಸಾಕಾಗುವಷ್ಟು ಮಾತ್ರ ಮಾಡಿಕೊಳ್ಳುವುದು ಲೇಸು. ಬಿಸ್ಕತ್ತಿನ ಮೇಲೆ ಬೂಷ್ಟಿನ ಒಂದು ಚುಕ್ಕೆ ಕಂಡರೂ ಆ ಡಬ್ಬಿಯದನ್ನೆಲ್ಲ ಹೂಳಬೇಕು.

ಎಷ್ಟು ಕೊಡಬೇಕು?

ಬಿಸ್ಕತ್ತು ನಾಯಿಯ ಊಟವಲ್ಲ. ಊಟದ ಜೊತೆಗಿನ ತಿನಿಸು. ದಿನದ ಒಟ್ಟು ಆಹಾರ ಶಕ್ತಿಯಲ್ಲಿ ಹತ್ತನೆಯ ಒಂದು ಪಾಲನ್ನು ಮೀರಬಾರದು ಎಂಬುದು ಪಶುವೈದ್ಯರು ಅನುಸರಿಸುವ ನಿಯಮ. 20 ಕಿಲೋ ತೂಕದ, ಸಾಧಾರಣವಾಗಿ ಓಡಾಡಿಕೊಂಡಿರುವ ನಾಯಿಗೆ ದಿನಕ್ಕೆ ಸುಮಾರು 1000 ಕ್ಯಾಲೊರಿ ಬೇಕು. ಅದರ ಹತ್ತನೆಯ ಪಾಲೆಂದರೆ 100 ಕ್ಯಾಲೊರಿ. ಮೇಲಿನ ಬಿಸ್ಕತ್ತಿನಲ್ಲಿ ಇದು ಸುಮಾರು 25 ಗ್ರಾಂ, ಅಂದರೆ 5 ಗ್ರಾಂ ತೂಕದ ಐದು ತುಂಡುಗಳಾಗುತ್ತವೆ. 10 ಕಿಲೋ ತೂಕದ ನಾಯಿಗೆ ಮೂರು ತುಂಡು ಸಾಕು. ಬೆಳೆಯುವ ಮರಿಗಳಿಗೆ ಬಿಸ್ಕತ್ತನ್ನೇ ಆಹಾರವಾಗಿ ಕೊಟ್ಟರೆ ಮೂಳೆ, ಮಾಂಸಖಂಡ ಬಲಿಯುವುದಿಲ್ಲ.

ಈ ಬಿಸ್ಕತ್ತನ್ನು ಸುಮ್ಮನೆ ಎಸೆಯುವುದಕ್ಕಿಂತ ಕಲಿಸುವುದಕ್ಕೆ ಬಳಸಿದರೆ ಹೆಚ್ಚು ಪ್ರಯೋಜನ. ಒಂದು ತುಂಡನ್ನು ನಾಲ್ಕು ಚೂರು ಮಾಡಿಕೊಳ್ಳಬೇಕು. ಕರೆದೊಡನೆ ಬಂದರೆ ಆ ಕ್ಷಣದಲ್ಲೇ ಒಂದು ಚೂರು ಕೊಡಬೇಕು. ತಡವಾಗಿ ಕೊಟ್ಟರೆ ಯಾವುದಕ್ಕೆ ಕೊಟ್ಟರೆಂಬುದು ನಾಯಿಗೆ ತಿಳಿಯದು. ಕರೆದ ಕೂಡಲೆ ತಿರುಗಿ ಬರುವ ನಾಯಿ ಪಕ್ಕದವರ ಕುರಿಯ ಮೇಲೆ ಬೀಳುವುದಿಲ್ಲ. ದಾರಿಯಲ್ಲಿ ಬಿದ್ದುದಕ್ಕೆ ಬಾಯಿ ಹಾಕುವ ಮೊದಲೇ ಅದನ್ನು ತಡೆಯಬಹುದು.

ಬೂಷ್ಟು ಹಿಡಿದ ಕಾಳು ವಿಷ

ಬಿಸ್ಕತ್ತಿಗೆ ಹಾಕುವ ಶೇಂಗಾ, ಹಿಟ್ಟು ಮನೆಯವರು ತಿನ್ನುವಂಥದ್ದೇ ಆಗಿರಬೇಕು. ಇದು ಈ ಉಪನ್ಯಾಸದ ಮುಖ್ಯ ಮಾತು. ತೇವದಲ್ಲಿ ಕೂಡಿಟ್ಟ ಶೇಂಗಾ, ಮೆಕ್ಕೆಜೋಳಗಳ ಮೇಲೆ ಆಸ್ಪರ್ಜಿಲಸ್ ಎಂಬ ಹಸಿರು ಮಿಶ್ರಿತ ಹಳದಿ ಶಿಲೀಂಧ್ರ ಬೆಳೆದು ಅಫ್ಲಟಾಕ್ಸಿನ್ ಎಂಬ ವಿಷವನ್ನು ಉಂಟುಮಾಡುತ್ತದೆ. 1960ರಲ್ಲಿ ಇಂಗ್ಲೆಂಡಿನಲ್ಲಿ ಒಂದು ಲಕ್ಷಕ್ಕೂ ಹೆಚ್ಚು ಟರ್ಕಿ ಕೋಳಿಗಳು ಸತ್ತಾಗ, ಅವಕ್ಕೆ ಹಾಕಿದ ಶೇಂಗಾ ಹಿಂಡಿಯನ್ನು ಪರೀಕ್ಷಿಸಿ ಈ ವಿಷವನ್ನು ಕಂಡುಹಿಡಿಯಲಾಯಿತು. 2005ರ ಕೊನೆಯಲ್ಲಿ ಅಮೆರಿಕದಲ್ಲಿ ಇದೇ ವಿಷವಿದ್ದ ಮೆಕ್ಕೆಜೋಳದಿಂದ ತಯಾರಾದ ನಾಯಿ ಆಹಾರವನ್ನು ತಿಂದು ಅನೇಕ ನಾಯಿಗಳು ಸತ್ತವು.

ಒಲೆಯ ಶಾಖಕ್ಕೆ ಬೂಷ್ಟು ಸಾಯುತ್ತದೆಯೇ ಹೊರತು ವಿಷ ನಾಶವಾಗುವುದಿಲ್ಲ. ತೊಳೆದರೂ, ಹುರಿದರೂ, ಸುಟ್ಟರೂ ಅದು ಉಳಿದೇ ಇರುತ್ತದೆ. ನಾಯಿಯ ಯಕೃತ್ತು ಕೆಟ್ಟು, ಮೇವು ಬಿಟ್ಟು, ವಾಂತಿ ಮಾಡಿ, ಕಣ್ಣು ಮತ್ತು ವಸಡು ಹಳದಿಯಾಗುತ್ತವೆ. ನಾಯಿಗೆ ಬೇಡವೆಂದು ಹಸುವಿಗೆ ಹಾಕಿದರೆ ಆ ವಿಷದ ಒಂದು ಪಾಲು ಹಾಲಿಗೆ ಇಳಿದು ಮಕ್ಕಳ ಬಟ್ಟಲಿಗೇ ಬರುತ್ತದೆ. ಆದುದರಿಂದ ಶೇಂಗಾ ಕಿತ್ತ ಮೇಲೆ ಕಾಯಿಯ ತೇವ ಶೇಕಡಾ 8ಕ್ಕೆ ಇಳಿಯುವವರೆಗೆ ಒಣಗಿಸಬೇಕು. ಕಾಯಿ ಅಲ್ಲಾಡಿಸಿದರೆ ಗಲಗಲ ಎನ್ನಬೇಕು. ಬೀಜವನ್ನು ಬೆರಳುಗಳ ನಡುವೆ ಉಜ್ಜಿದರೆ ಸಿಪ್ಪೆ ಬಿಡಬೇಕು. ಬೂಷ್ಟು ಹಿಡಿದದ್ದನ್ನು ಆರಿಸಿ ತೆಗೆದು ಹೂಳಬೇಕು ಅಥವಾ ಸುಡಬೇಕು.

ಇಲಿ ಪಾಷಾಣದ ಉಂಡೆ

ಇಲಿಗಳನ್ನು ಕೊಲ್ಲಲು 96 ಭಾಗ ನುಚ್ಚು, 2 ಭಾಗ ಎಣ್ಣೆ, 2 ಭಾಗ ಜಿಂಕ್ ಫಾಸ್ಫೈಡ್ ಬೆರೆಸಿ ಮಾಡುವ ವಿಷದ ತಿನಿಸು ರೈತರಿಗೆ ಪರಿಚಿತ. ನುಚ್ಚು, ಎಣ್ಣೆಯ ವಾಸನೆ ಇಲಿಯನ್ನು ಸೆಳೆಯುವಂತೆ ನಾಯಿಯನ್ನೂ ಸೆಳೆಯುತ್ತದೆ. ಬಿಸ್ಕತ್ತಿನ ಹಿಟ್ಟು ಕಲಸುವ ಪಾತ್ರೆ, ತಟ್ಟೆ, ಚಮಚಗಳನ್ನು ಪಾಷಾಣಕ್ಕೆ ಎಂದೂ ಬಳಸಬಾರದು. ವಿಷವನ್ನು ಬಿಲದೊಳಕ್ಕೆ ಇಟ್ಟು ಬಾಯಿ ಮುಚ್ಚಬೇಕು. ಮಿಕ್ಕ ವಿಷವನ್ನೂ ಸತ್ತ ಇಲಿಗಳನ್ನೂ ಹೂಳುವವರೆಗೆ ನಾಯಿಯನ್ನು ಕಟ್ಟಿಹಾಕಬೇಕು. ನಾಯಿ ತಿಂದಿತೆಂಬ ಅನುಮಾನ ಬಂದರೂ ಉಪ್ಪುನೀರು ಕುಡಿಸುವ ಗೋಜಿಗೆ ಹೋಗದೆ, ಪಾಷಾಣದ ಪೊಟ್ಟಣದೊಡನೆ ಪಶುವೈದ್ಯರ ಬಳಿಗೆ ಒಯ್ಯಬೇಕು. ಅದರ ವಾಂತಿಯಿಂದ ಹೊರಡುವ ಅನಿಲ ಮನುಷ್ಯರಿಗೂ ವಿಷ. ಆದುದರಿಂದ ಮುಚ್ಚಿದ ಕೋಣೆಯಲ್ಲಿ ಅದರ ಬಳಿ ಇರಬಾರದು.

ಅಡುಗೆಮನೆಯ ಕೆಲವು ಅಪಾಯಗಳು

ಈರುಳ್ಳಿ, ಬೆಳ್ಳುಳ್ಳಿ ಹಸಿಯಾಗಲಿ ಬೆಂದುದಾಗಲಿ ನಾಯಿಯ ಕೆಂಪು ರಕ್ತಕಣಗಳನ್ನು ಒಡೆಯುತ್ತವೆ. ಚಾಕೊಲೇಟು, ಕಾಫಿ ಪುಡಿ, ಟೀ ಪುಡಿ ಹೃದಯಕ್ಕೆ ಅಪಾಯಕರ. ಸಕ್ಕರೆಯಿಲ್ಲದ ಮಿಠಾಯಿ, ಚೂಯಿಂಗ್ ಗಮ್ಮುಗಳಲ್ಲಿ ಸಿಹಿಗಾಗಿ ಬಳಸುವ ಝೈಲಿಟಾಲ್ ನಾಯಿಯ ರಕ್ತದ ಸಕ್ಕರೆಯನ್ನು ಹಠಾತ್ತನೆ ಇಳಿಸುತ್ತದೆ.

ದ್ರಾಕ್ಷಿ ಮತ್ತು ಒಣದ್ರಾಕ್ಷಿ ಮೂತ್ರಪಿಂಡಗಳನ್ನು ಕೆಡಿಸುತ್ತವೆ. ವಿಜಯಪುರದ ಕಡೆ ಒಣದ್ರಾಕ್ಷಿ ಮಾಡುವವರು ಇದನ್ನು ವಿಶೇಷವಾಗಿ ಗಮನಿಸಬೇಕು. ಇದಕ್ಕೆ ಟಾರ್ಟಾರಿಕ್ ಆಮ್ಲ ಕಾರಣವಿರಬಹುದೆಂದು 2021ರಲ್ಲಿ ಅಮೆರಿಕದ ಪಶುವೈದ್ಯರು ಸೂಚಿಸಿದರು. ಹುಣಸೆಹಣ್ಣಿನಲ್ಲಿಯೂ ಇದೇ ಆಮ್ಲ ಹೇರಳವಾಗಿದೆ. ಆದುದರಿಂದ ಈರುಳ್ಳಿ, ಹುಣಸೆ, ಉಪ್ಪು, ಖಾರ ಎಲ್ಲವೂ ಕೂಡಿದ ಸಾರನ್ನು ನಾಯಿಯ ಮುದ್ದೆಯ ಮೇಲೆ ಸುರಿಯದೆ, ಬದಲಿಗೆ ತುಸು ಮಜ್ಜಿಗೆ ಅಥವಾ ಉಪ್ಪಿಲ್ಲದ ಬೇಳೆಕಟ್ಟು ಬೆರೆಸುವುದು ಕ್ಷೇಮ.

ಹಸಿ ಕರುಳು, ಹಸಿ ತಲೆ ಬೇಡ

ಕುರಿ ಸಾಕುವವರು ಇನ್ನೊಂದು ವಿಷಯ ತಿಳಿದಿರಬೇಕು. ಕೊಯ್ದ ಅಥವಾ ಸತ್ತ ಕುರಿಯ ತಲೆ, ಶ್ವಾಸಕೋಶ, ಯಕೃತ್ತುಗಳನ್ನು ಹಸಿಯಾಗಿ ತಿಂದ ನಾಯಿಯ ಕರುಳಿನಲ್ಲಿ ಲಾಡಿಹುಳುಗಳು ಬೆಳೆಯುತ್ತವೆ. ಅವುಗಳ ಮೊಟ್ಟೆ ನಾಯಿಯ ಮಲದೊಡನೆ ಹುಲ್ಲಿಗೆ ಬಿದ್ದು, ಮೇಯುವ ಕುರಿಯ ಹೊಟ್ಟೆ ಸೇರುತ್ತದೆ. ಒಂದು ಜಾತಿಯ ಹುಳು ಕುರಿಯ ಮೆದುಳಿನಲ್ಲಿ ನೀರುಗುಳ್ಳೆಯಾಗಿ, ಕುರಿ ಒಂದೇ ಪಕ್ಕಕ್ಕೆ ಸುತ್ತಿ ಸುತ್ತಿ ಸಾಯುತ್ತದೆ. ಇನ್ನೊಂದು ಜಾತಿಯ ಹುಳುವಿನ ಗುಳ್ಳೆ ಮನುಷ್ಯರ ಯಕೃತ್ತು, ಶ್ವಾಸಕೋಶಗಳಲ್ಲಿಯೂ ಬೆಳೆಯುತ್ತದೆ. ನಾಯಿ ನೋಡಲು ಆರೋಗ್ಯವಾಗಿಯೇ ಇರುತ್ತದೆ. ರೋಗ ಅದರಿಂದ ಹಿಂಡಿಗೆ, ಹಿಂಡಿನಿಂದ ಮತ್ತೆ ಅದಕ್ಕೆ ತಿರುಗುತ್ತಿರುತ್ತದೆ.

ಈ ಸುತ್ತನ್ನು ಕಡಿಯಲು ಸತ್ತ ಕುರಿಯನ್ನು ಆಳವಾಗಿ ಹೂಳಬೇಕು. ನಾಯಿಗೆ ಮಾಂಸ ಕೊಡುವುದಾದರೆ ಅರ್ಧ ಗಂಟೆಗೂ ಹೆಚ್ಚು ಕಾಲ ಕುದಿಸಿ, ಮೂಳೆ ತೆಗೆದು ಕೊಡಬೇಕು. ಬೆಂದ ಮೂಳೆ ಚೂಪಾಗಿ ಸೀಳಿ ಕರುಳಿಗೆ ಚುಚ್ಚಿಕೊಳ್ಳುತ್ತದೆ. ಪಶುವೈದ್ಯರ ಸಲಹೆಯಂತೆ ಜಂತುಹುಳುವಿನ ಔಷಧಿಯನ್ನು ನಿಯತವಾಗಿ ಹಾಕಿಸಬೇಕು. ಹುಚ್ಚುನಾಯಿ ರೋಗದ ಲಸಿಕೆಯನ್ನು ಮರಿಗೆ ಮೂರು ತಿಂಗಳಾದಾಗ ಹಾಕಿಸಿ, ಅನಂತರ ವೈದ್ಯರು ಹೇಳಿದ ಕಾಲಕ್ಕೆ ತಪ್ಪದೆ ಪುನಃ ಹಾಕಿಸಬೇಕು.

ಮುಕ್ತಾಯ

ಕರ್ನಾಟಕದ ರೈತರಿಗೆ ನಾಯಿ ಸಾಕಣೆ ಹೊಸದಲ್ಲ. ಮುಧೋಳದ ಬೇಟೆನಾಯಿಯ ಚಿತ್ರವಿರುವ ಅಂಚೆಚೀಟಿಯನ್ನು ಭಾರತ ಸರ್ಕಾರ 2005ರಲ್ಲಿ ಹೊರತಂದಿತು. ಆ ತಳಿಯ ಸಂರಕ್ಷಣೆಗಾಗಿ ಬೀದರಿನ ಪಶುವೈದ್ಯಕೀಯ ವಿಶ್ವವಿದ್ಯಾನಿಲಯವು ಮುಧೋಳದ ಬಳಿಯ ತಿಮ್ಮಾಪುರದಲ್ಲಿ ಶ್ವಾನ ಸಂಶೋಧನಾ ಕೇಂದ್ರವನ್ನು ಸ್ಥಾಪಿಸಿದೆ. ಆ ನಾಯಿಯಾಗಲಿ, ಹೆಸರಿಲ್ಲದ ಬೀದಿ ತಳಿಯ ನಾಯಿಯಾಗಲಿ, ಬಾಗಿಲಲ್ಲಿ ಮಲಗುವ ನಾಯಿಯ ಹೊಟ್ಟೆ ಒಂದೇ.

ವಿಸ್ತರಣಾ ಕಾರ್ಯಕರ್ತರು ಮಹಿಳಾ ಸಂಘಗಳ ಸಭೆಗಳಲ್ಲಿ ಈ ಬಿಸ್ಕತ್ತನ್ನು ಮಾಡಿ ತೋರಿಸಬಹುದು. ಆಗ ಒಳ್ಳೆಯ ಶೇಂಗಾ ಮತ್ತು ಬೂಷ್ಟು ಹಿಡಿದ ಶೇಂಗಾ ಎರಡನ್ನೂ ಅಕ್ಕಪಕ್ಕದಲ್ಲಿಟ್ಟು ತೋರಿಸುವುದನ್ನು ಮರೆಯಬಾರದು. ಮನೆಯವರು ತಿನ್ನಲಾಗದ್ದನ್ನು ಮನೆ ಕಾಯುವ ಪ್ರಾಣಿಗೂ ಹಾಕಬಾರದು. ಇಷ್ಟು ನಿಯಮವನ್ನು ಪಾಲಿಸಿದರೆ ನಾಯಿಯೂ ಉಳಿಯುತ್ತದೆ, ಹಿಂಡೂ ಉಳಿಯುತ್ತದೆ, ಮನೆಯೂ ಕ್ಷೇಮವಾಗಿರುತ್ತದೆ.