ಬೀಳಗಿಯ ಅಕ್ಕ-ತಂಗಿ: ಗೋಹರಬಾಯಿ, ಅಮೀರಬಾಯಿ

ಬನದ ಹುಣ್ಣಿವೆ ಬಂತೆಂದರೆ ಗಜೇಂದ್ರಗಡ, ರೋಣದ ಕಡೆಯಿಂದ ಬನಶಂಕರಿ ಜಾತ್ರೆಗೆ ಹೊರಟವರು ತೇರಿಗೆಷ್ಟೋ ನಾಟಕಕ್ಕೂ ಅಷ್ಟೇ ಹೊರಟಿರುತ್ತಾರೆ. ನಾಟಕ ಕಂಪನಿಗಳು ಒಂದರ ಪಕ್ಕ ಒಂದು ಥೇಟರ್ ಹಾಕಿರುತ್ತವೆ. ಅಂಥ ಕಂಪನಿಗಳ ಸೀಮೆಯ ಬೀಳಗಿಯಲ್ಲೇ ಹುಟ್ಟಿದವರು ಗೋಹರಬಾಯಿ ಕರ್ನಾಟಕಿ ಮತ್ತು ಅಮೀರಬಾಯಿ ಕರ್ನಾಟಕಿ.

ತಂದೆ ಹುಸೇನಸಾಬ ತಬಲಾ ನುಡಿಸುತ್ತಿದ್ದರು, ತಾಯಿ ಅಮೀನಾಬಿ ಹಾಡುತ್ತಿದ್ದರು. ಐವರು ಹೆಣ್ಣುಮಕ್ಕಳಲ್ಲಿ ಗೋಹರ ಅಮೀರಬಾಯಿಗೆ ಅಕ್ಕ. ನಾಟಕವೇ ಉಸಿರಾದ ಮನೆ. ಅಲ್ಲಿ ಹಾಡು, ಅಭಿನಯ ಎರಡೂ ಒಂದೇ ವಿದ್ಯೆ.

ಗೋಹರಬಾಯಿ ಮರಾಠಿ ರಂಗನಟ ಬಾಲಗಂಧರ್ವರ ಧ್ವನಿಮುದ್ರಿಕೆಗಳನ್ನು ಕೇಳಿ ಕೇಳಿಯೇ ಅವರ ಗಾಯಕಿಯನ್ನು ಗಂಟಲಿಗೆ ಇಳಿಸಿಕೊಂಡರು. 1930ರ ದಶಕದ ಕೊನೆಗೆ ಅವರದೇ ಕಂಪನಿ ಸೇರಿದರು. 1888ರಲ್ಲಿ ಹುಟ್ಟಿದ ಬಾಲಗಂಧರ್ವರಿಗೆ ಆಗ ಐವತ್ತರ ಆಸುಪಾಸು. ಹೆಣ್ಣಿನ ಪಾತ್ರದಲ್ಲಿ ಮಹಾರಾಷ್ಟ್ರಕ್ಕೆ ಹುಚ್ಚು ಹಿಡಿಸಿದ ಆ ನಟನ ಪಾತ್ರಗಳನ್ನು ಕನ್ನಡದ ಹೆಣ್ಣುಮಗಳೊಬ್ಬಳು ಅದೇ ಮಂದಿಯ ಎದುರು, ಮರಾಠಿಯಲ್ಲಿ, ಹಾಡಿ ಆಡಿ ತೋರಿಸಬೇಕಿತ್ತು. ಬಾಲಗಂಧರ್ವರ ಇಳಿಗಾಲಕ್ಕೆ ಈಕೆಯೇ ಕಾರಣ ಎಂದು ದೂರಿದವರು ಬಹಳ. ಅದು ಅನ್ಯಾಯದ ಮಾತು. ಕಂಪನಿ ಸಾಲದಲ್ಲಿ ಮುಳುಗಿದ್ದು, 1935ರಲ್ಲಿ ಅವರು ಪ್ರಭಾತ್ ಕಂಪನಿಯ 'ಧರ್ಮಾತ್ಮಾ' ಚಿತ್ರಕ್ಕೆ ಬಣ್ಣ ಹಚ್ಚಿದ್ದು, ಎರಡೂ ಗೋಹರಬಾಯಿ ಬರುವ ಮೊದಲೇ ನಡೆದು ಹೋಗಿದ್ದವು. ಮುಪ್ಪಿನಲ್ಲಿ ಅವರ ಜೊತೆ ನಿಂತವರು ಗೋಹರಬಾಯಿ.

ತಂಗಿಯ ದಾರಿ ಬೇರೆ. ಕನ್ನಡದ ಮೊದಲ ವಾಕ್ಚಿತ್ರ 'ಸತಿ ಸುಲೋಚನಾ' ತೆರೆಗೆ ಬಂದ 1934ರಲ್ಲೇ ಅಮೀರಬಾಯಿ ಹಿಂದಿಯ 'ವಿಷ್ಣುಭಕ್ತಿ'ಯಲ್ಲಿ ಕಾಣಿಸಿಕೊಂಡರು. ಆಗ ನಟಿ ಕ್ಯಾಮರಾದ ಎದುರು ಅಭಿನಯಿಸುತ್ತಲೇ ಹಾಡಬೇಕು. ವಾದ್ಯದವರು ಚೌಕಟ್ಟಿನ ಆಚೆಗೆ ಮರೆಯಲ್ಲಿ ಕೂತಿರುತ್ತಿದ್ದರು, ಒಂದು ಸ್ವರ ತಪ್ಪಿದರೆ ಇಡೀ ದೃಶ್ಯ ಮತ್ತೆ ಮೊದಲಿನಿಂದ. ಕಂಪನಿ ನಾಟಕದ ಮನೆಯಿಂದ ಬಂದವರಿಗೆ ಇದು ಹೊಸದೇನಲ್ಲ. ಆದರೆ ರಂಗದ ಮೇಲೆ 'ವನ್ಸ್ ಮೋರ್' ಬಿದ್ದಷ್ಟೂ ಹಾಡು ಬೆಳೆಯುತ್ತಿತ್ತು, ಗ್ರಾಮಫೋನ್ ತಟ್ಟೆಯ ಒಂದು ಮಗ್ಗುಲಿಗೆ ಹಿಡಿಸುತ್ತಿದ್ದದ್ದು ಮೂರೇ ನಿಮಿಷ. ಆಲಾಪ, ತಾನ, ಭಾವ ಎಲ್ಲವನ್ನೂ ಅಷ್ಟರೊಳಗೆ ಕೂಡಿಸುವ ಕಸುಬು ಅಮೀರಬಾಯಿಗೆ ಒಲಿದಿತ್ತು. 1940ರ 'ನರ್ಸೀ ಭಗತ್' ಚಿತ್ರಕ್ಕೆ ಅವರು ಹಾಡಿದ ನರಸಿ ಮೆಹ್ತಾ ಭಜನೆ ಮನೆಮಾತಾಯಿತು.

ಅಷ್ಟರಲ್ಲಿ ಹಿನ್ನೆಲೆ ಗಾಯನ ಬಂದು ಮುಖ ಒಬ್ಬರದು, ಕಂಠ ಇನ್ನೊಬ್ಬರದು ಆಯಿತು. 1943ರ 'ಕಿಸ್ಮತ್'ನಲ್ಲಿ ತೆರೆಯ ಮೇಲೆ ಮುಮ್ತಾಜ್ ಶಾಂತಿ, ಹಾಡಿದವರು ಅಮೀರಬಾಯಿ. ಸಂಗೀತ ಅನಿಲ್ ಬಿಸ್ವಾಸ್. ಕಲಕತ್ತೆಯ ರಾಕ್ಸಿ ಥೇಟರಿನಲ್ಲಿ ಚಿತ್ರ ಮೂರು ವರ್ಷಕ್ಕೂ ಹೆಚ್ಚು ಓಡಿತು. ಕವಿ ಪ್ರದೀಪ್ ಬರೆದ, ಹೊರಗಿನವರನ್ನು ದೂರ ಸರಿಯಿರಿ ಎನ್ನುವ ಹಾಡನ್ನು ಅಮೀರಬಾಯಿ ಖಾನ್ ಮಸ್ತಾನಾ ಜೊತೆ ಹಾಡಿದ್ದರು. ಅದರಲ್ಲಿ ಜರ್ಮನಿ, ಜಪಾನಿನ ಹೆಸರು ಇದ್ದುದರಿಂದ ಬ್ರಿಟಿಷರ ಸೆನ್ಸಾರ್ ಅದನ್ನು ಬಿಟ್ಟಿತು. 'ಭಾರತ ಬಿಟ್ಟು ತೊಲಗಿ' ಚಳವಳಿಯ ಕಾವಿನಲ್ಲಿದ್ದ ಜನಕ್ಕೆ ಆ ಮಾತು ಯಾರಿಗೆ ಎಂದು ಹೇಳಿಕೊಡಬೇಕಿರಲಿಲ್ಲ.

ಅಮೀರಬಾಯಿಯ ಮನೆಯೊಳಗಿನ ಬದುಕು ಇಷ್ಟು ಹಗುರಾಗಿರಲಿಲ್ಲ, ಮೊದಲ ಮದುವೆ ನೋವನ್ನೇ ಕೊಟ್ಟಿತು. ಹಾಡಿನ ಕಡೆಯೂ ಕಾಲ ಬದಲಾಯಿತು: 1949ರಲ್ಲಿ 'ಮಹಲ್', 'ಬರಸಾತ್' ಚಿತ್ರಗಳಿಂದ ಲತಾ ಮಂಗೇಶ್ಕರ್ ಕಂಠ ದೇಶವನ್ನೇ ಆವರಿಸಿತು. ಹಿಂದಿನ ತಲೆಮಾರಿನ ಗಾಯಕಿಯರಿಗೆ ಹಾಡುಗಳು ಕಡಿಮೆಯಾದವು. ಅಮೀರಬಾಯಿ ಕೈಕಟ್ಟಿ ಕೂರಲಿಲ್ಲ, ಪೋಷಕ ಪಾತ್ರಗಳಿಗೆ ಬಣ್ಣ ಹಚ್ಚಿದರು. ಹಾಡಿನ ಜೊತೆಗೇ ಕಲಿತದ್ದು ಅಭಿನಯ ತಾನೆ!

1964ರಲ್ಲಿ ಗೋಹರಬಾಯಿ, 1965ರ ಮಾರ್ಚಿನಲ್ಲಿ ಅಮೀರಬಾಯಿ ತೀರಿಕೊಂಡರು. ರಹಮತ್ ತರೀಕೆರೆಯವರು ಅಮೀರಬಾಯಿಯ ಜೀವನ ಚರಿತ್ರೆಯನ್ನು ಕನ್ನಡದಲ್ಲಿ ಬರೆದಿದ್ದಾರೆ. ಹಾಡು ಕೇಳಬೇಕೆನ್ನುವವರು 'ಕಿಸ್ಮತ್'ನಿಂದ ಶುರು ಮಾಡಬಹುದು. ಆಮೇಲೆ ನೌಷಾದರ 'ರತನ್', 1944. ಅದಾದ ಮೇಲೆ ಸಿ. ರಾಮಚಂದ್ರರ 'ಶಹನಾಯಿ', 1947.