ಎದುರಾಳಿಯ ಬಳಿ ಉಳಿದ ಇಡಗಂಟು



ನಮ್ಮೂರು ಕುರನೂರ. ಅಕ್ಕಲಕೋಟೆ ತಾಲೂಕು, ಬೋರಿ ಹೊಳೆಯ ದಂಡೆ. ಈ ವಾರ ಊರಿನ ಹಿರಿಯರೊಬ್ಬರು ತೀರಿಕೊಂಡರು. ಮನೆಯವರನ್ನು ಮಾತಾಡಿಸಲು ಹೋಗಿದ್ದೆ. ಅಲ್ಲಿಗೆ ಯಾರೂ ಎಣಿಸದ ಒಬ್ಬರು ಬಂದು ಕಟ್ಟೆಯ ಮೇಲೆ ಕೂತರು. ಹೊಲದ ಬದುವಿನ ಸಲುವಾಗಿ ತೀರಿಕೊಂಡವರಿಗೂ ಇವರಿಗೂ ಎಷ್ಟೋ ವರ್ಷಗಳಿಂದ ಮಾತಿರಲಿಲ್ಲ. ಕೋರ್ಟಿನ ತಾರೀಖಿಗೆ ಕೂಡ ಬೇರೆ ಬೇರೆ ಬಸ್ಸು ಹಿಡಿಯುತ್ತಿದ್ದರು. ಸ್ವಲ್ಪ ಹೊತ್ತು ಸುಮ್ಮನಿದ್ದು ಅವರು ಮಕ್ಕಳ ಕಡೆ ನೋಡಿ ಹೇಳಿದರು: "ಹೊಳಿಗೆ ನೀರ ಬಂದ ರಾತ್ರಿ ನನ್ನ ದನಾ ಬಿಚ್ಚಿ ದಿಬ್ಬಕ್ಕ ಹೊಡದಾಂವ ನಿಮ್ಮಪ್ಪ. ನಾ ಕಣ್ಣಾರೆ ನೋಡೀನಿ. ಯಾರ ಮುಂದೂ ಹೇಳಿರಲಿಲ್ಲ."

ಮಕ್ಕಳಿಗೆ ಆ ಸಂಗತಿ ಗೊತ್ತೇ ಇರಲಿಲ್ಲ. ಅಪ್ಪನೂ ಹೇಳಿರಲಿಲ್ಲ.

ಆವತ್ತಿನಿಂದ ನನ್ನ ಮನಸ್ಸು ಅಜ್ಜಮಾಡ ಬೋಪಯ್ಯ ದೇವಯ್ಯನವರ ಕಡೆಗೇ ಹೋಗುತ್ತಿದೆ. ಕೊಡಗಿನವರು, ಹುಟ್ಟಿದ್ದು 1932ರ ಡಿಸೆಂಬರ್ 24. ವಾಯುಪಡೆಗೆ ಸೇರಿದ್ದು 1954ರಲ್ಲಿ. ಕಿರಿಯರಿಗೆ ವಿಮಾನ ಹಾರಿಸುವುದನ್ನು ಕಲಿಸುವ ಗುರುವಾಗಿದ್ದರು. 1965ರ ಯುದ್ಧದಲ್ಲಿ ಅವರ ಕೈಗೆ ಬಂದದ್ದು ಫ್ರಾನ್ಸಿನ ಮಿಸ್ಟೇರ್ ವಿಮಾನ. ಸೆಪ್ಟೆಂಬರ್ 7ರ ನಸುಕಿನಲ್ಲಿ ಪಂಜಾಬಿನ ಆದಂಪುರದಿಂದ ಪಾಕಿಸ್ತಾನದ ಸರ್ಗೋಧಾ ನೆಲೆಯ ಮೇಲೆ ದಾಳಿಗೆ 12 ವಿಮಾನ ಹೊರಡಬೇಕಿತ್ತು. ಆ ಹನ್ನೆರಡರಲ್ಲಿ ದೇವಯ್ಯನವರ ಹೆಸರಿರಲಿಲ್ಲ. ಯಾರಾದರೂ ಹಿಂದೆ ಸರಿದರೆ ಮಾತ್ರ ಹೊರಡಬೇಕಾದ ಬದಲಿ ಅವರು. ಒಂದು ಜಾಗ ಖಾಲಿಯಾಯಿತು, ಹೊರಟರು.

ಮರಳುವ ದಾರಿಯಲ್ಲಿ ಎಫ್-104 ಸ್ಟಾರ್‌ಫೈಟರ್ ಬೆನ್ನಟ್ಟಿತು. ಶಬ್ದಕ್ಕಿಂತ ಎರಡು ಪಟ್ಟು ವೇಗದಲ್ಲಿ ಹಾರಬಲ್ಲ ಅಮೆರಿಕದ ವಿಮಾನ ಅದು. ಮಿಸ್ಟೇರ್‌ಗೆ ಓಡಿ ತಪ್ಪಿಸಿಕೊಳ್ಳುವ ಶಕ್ತಿಯಿರಲಿಲ್ಲ. ಸ್ಟಾರ್‌ಫೈಟರ್ ನಡೆಸುತ್ತಿದ್ದ ಅಮ್ಜದ್ ಹುಸೇನ್ ಗುಂಡು ಹಾರಿಸಿದರು, ತಗುಲಿತು. ಇನ್ನು ಮುಗಿಯಿತೆಂದು ಅವರು ಬೇರೆ ಕಡೆ ತಿರುಗಿದರು. ಪೆಟ್ಟು ತಿಂದ ವಿಮಾನದಲ್ಲೇ ದೇವಯ್ಯ ಎದುರು ನಿಂತರು, ಸ್ಟಾರ್‌ಫೈಟರನ್ನು ಹೊಡೆದುರುಳಿಸಿದರು. ಅಮ್ಜದ್ ಪ್ಯಾರಾಚೂಟಿನಲ್ಲಿ ಇಳಿದು ಬದುಕಿದರು. ದೇವಯ್ಯ ಬರಲಿಲ್ಲ.

ನಮ್ಮ ಕಡೆ ಇದನ್ನು ಕಂಡವರು ಒಬ್ಬರೂ ಇಲ್ಲ. ಕಾಣೆಯಾದವರ ಪಟ್ಟಿಗೆ ಒಂದು ಹೆಸರು ಸೇರಿತು, ಅಷ್ಟೆ. 1979ರಲ್ಲಿ ಜಾನ್ ಫ್ರಿಕರ್ ಎಂಬ ಬ್ರಿಟಿಷ್ ಲೇಖಕರು ಪಾಕಿಸ್ತಾನದ ಕಡೆಯಿಂದ ವಿವರ ಪಡೆದು ಆ ಯುದ್ಧದ ಪುಸ್ತಕ ಬರೆದರು. ಒಂದು ಮಿಸ್ಟೇರ್ ಜತೆಗಿನ ಕಾಳಗದಲ್ಲಿ ಸ್ಟಾರ್‌ಫೈಟರ್ ಬಿದ್ದಿತೆಂಬುದು ಅದರಲ್ಲಿತ್ತು. ಆ ನಸುಕಿನ ದಾಳಿಯಿಂದ ಮರಳದವರು ದೇವಯ್ಯ ಒಬ್ಬರೇ. ವಾಯುಪಡೆಯಲ್ಲಿ ಕೆಲವರು ಈ ಎಳೆಯನ್ನು ಬಿಡದೆ ಹಿಡಿದರು. 1988ರಲ್ಲಿ ಮಹಾವೀರ ಚಕ್ರ ಬಂತು. ರಾಷ್ಟ್ರಪತಿ ವೆಂಕಟರಾಮನ್ ಅವರ ಕೈಯಿಂದ ಅದನ್ನು ಪಡೆದವರು ಪತ್ನಿ ಸುಂದರಿ ದೇವಯ್ಯ. ನಡುವೆ 23 ವರ್ಷ ಕಳೆದಿತ್ತು.

ಹಿಂದೆ ಊರು ಬಿಟ್ಟು ಹೋಗುವವರು ನಂಬಿದವರ ಮನೆಯಲ್ಲಿ ಇಡಗಂಟು ಇಟ್ಟು ಹೋಗುತ್ತಿದ್ದರು. ಇಟ್ಟವನು ಮರಳಿ ಬರದೇ ಹೋದರೂ ಅವನ ಮಕ್ಕಳನ್ನು ಹುಡುಕಿ ಒಪ್ಪಿಸುವುದು ಇಟ್ಟುಕೊಂಡವನ ಧರ್ಮವಾಗಿತ್ತು. ದೇವಯ್ಯನವರ ಶೌರ್ಯ ಹಾಗೆ ಗಡಿಯಾಚೆ ಇಟ್ಟ ಗಂಟು. ಆದರೆ ನಂಬಿ ಇಟ್ಟದ್ದಲ್ಲ, ಇಡಲು ಬೇರೆ ಜಾಗವೇ ಇರಲಿಲ್ಲ. ಅದನ್ನು ಬಲ್ಲವರು ಯಾರ ವಿಮಾನ ಬಿತ್ತೋ ಅವರ ಕಡೆಯವರು. ತಮ್ಮ ಸೋಲನ್ನು ಒಪ್ಪದೆ ಆ ಗಂಟನ್ನು ಬಿಚ್ಚುವಂತಿರಲಿಲ್ಲ. ಆದರೂ ಅದು ತಡವಾಗಿಯಾದರೂ ಬಂತು.

ಫ್ರಾನ್ಸಿನ ಮೊದಲ ತಲೆಮಾರಿನ ಕಾಳಗದ ವೈಮಾನಿಕ ಜಾರ್ಜ್ ಗಿನೆಮೇರ್ ವಿಷಯದಲ್ಲೂ ಇಂಥದೇ ಒಂದು ಕಥೆಯಿದೆ. ಅವರು ಹುಟ್ಟಿದ್ದೂ ಡಿಸೆಂಬರ್ 24ರಂದೇ, 1894ರಲ್ಲಿ. ಮೈಯಲ್ಲಿ ಶಕ್ತಿಯಿಲ್ಲವೆಂದು ಸೈನ್ಯ ಮೊದಲು ತಿರಸ್ಕರಿಸಿತ್ತು. ಮೆಕ್ಯಾನಿಕ್ ಕೆಲಸ ಕಲಿಯುವ ನೆವದಲ್ಲಿ ಒಳಹೊಕ್ಕು, ಕ್ಯಾಪ್ಟನ್ ಆಗುವವರೆಗೆ ಏರಿದರು, 53 ವಿಮಾನ ಉರುಳಿಸಿದರು. ನನ್ನ ಮನಸ್ಸಿನಲ್ಲಿ ನಿಂತದ್ದು ಆ ಲೆಕ್ಕವಲ್ಲ. 1917ರ ಜೂನ್‌ನಲ್ಲಿ ಅವರ ಎದುರಿಗೆ ಬಂದ ಜರ್ಮನಿಯ ಅರ್ನ್‌ಸ್ಟ್ ಉಡೆಟ್ ಅವರ ಬಂದೂಕು ನಡುಕಾಳಗದಲ್ಲಿ ಕಚ್ಚಿಕೊಂಡಿತು. ಉಡೆಟ್ ಅದನ್ನು ಮುಷ್ಟಿಯಿಂದ ಗುದ್ದುತ್ತಿದ್ದುದನ್ನು ಕಂಡು ಗಿನೆಮೇರ್ ಕೈ ಬೀಸಿ ಹೊರಟುಹೋದರಂತೆ. ಹೀಗೆಂದು ಬರೆದವರು ಉಡೆಟ್ ಅವರೇ. ಗಿನೆಮೇರ್ ಆ ಸೆಪ್ಟೆಂಬರ್ 11ರಂದು ಬೆಲ್ಜಿಯಂನ ಆಕಾಶದಲ್ಲಿ ಕಾಣೆಯಾದರು. ಆಗ ಅವರಿಗೆ 22 ವರ್ಷ.

ಜಗಳ ಬೇಡವೆಂದು ನಾನು ಹೇಳಲಾರೆ. ಬದುವಿನ ಜಗಳ ನ್ಯಾಯದ್ದೇ ಇರಬಹುದು, ದಾವೆ ನಡೆಯಲಿ. ಆದರೆ ಎದುರಿನವನ ಒಳ್ಳೆಯತನವೊಂದು ನಮ್ಮೊಬ್ಬರಿಗೇ ಗೊತ್ತಿದ್ದರೆ, ಅದನ್ನು ಒಳಗೇ ಇಟ್ಟುಕೊಳ್ಳಲು ನಮಗೆ ಹಕ್ಕಿಲ್ಲ. ಆ ದಿನ ಕಟ್ಟೆಯ ಮೇಲೆ ಕೂತವರ ಬಗ್ಗೆ ನನಗೆ ಗೌರವವಿದೆ. ಒಂದು ಸಂಕಟವೂ ಇದೆ. ಅದೇ ಮಾತನ್ನು ಎರಡು ತಿಂಗಳ ಹಿಂದೆ ಆಡಿದ್ದರೆ, ಕೇಳಬೇಕಾದವರು ಕೇಳುತ್ತಿದ್ದರು. ಬಹುಶಃ ಬದು ಅಲ್ಲೇ ಇರುತ್ತಿತ್ತು, ಬಸ್ಸಾದರೂ ಒಂದಾಗುತ್ತಿತ್ತು.

ಪ್ರತಿ ಸೆಪ್ಟೆಂಬರ್ 11ಕ್ಕೆ ಫ್ರಾನ್ಸಿನ ವಾಯುನೆಲೆಗಳಲ್ಲಿ ಗಿನೆಮೇರ್ ಅವರ ಪ್ರಶಸ್ತಿಪತ್ರವನ್ನು ಗಟ್ಟಿಯಾಗಿ ಓದುತ್ತಾರೆ. ನಮ್ಮ ಗಡಿಭಾಗದ ಕನ್ನಡ ಶಾಲೆಗಳ ಮಾಸ್ತರರಲ್ಲಿ, ಬಾಯಿಯರಲ್ಲಿ ನನ್ನದೊಂದು ಬಿನ್ನಹ. ಬರುವ ಸೆಪ್ಟೆಂಬರ್ 7ರಂದು ಪ್ರಾರ್ಥನೆ ಮುಗಿದ ಮೇಲೆ ಐದು ನಿಮಿಷ ದೇವಯ್ಯನವರ ವಿಷಯ ಹೇಳಿ. ಹೇಳುವಾಗ ಅಮ್ಜದ್ ಹುಸೇನ್ ಅವರ ಹೆಸರನ್ನೂ, ಸುದ್ದಿ ನಮಗೆ ಯಾವ ಕಡೆಯಿಂದ ಬಂತೆಂಬುದನ್ನೂ ಬಿಡದೆ ಹೇಳಿ.